ಪೂವಕ್ಕನ ಬಟ್ಟಲು

ಪೂವಕ್ಕಾ, ಕನ್ನಡಕ ಕಾಣುವುದಿಲ್ಲವೆಂದು ಅಲ್ಲಿಯೂ ಎಲ್ಲರನ್ನು ಪೀಡಿಸಬೇಡ, ಅದು ನಿನ್ನ ತಲೆಯ ಮೇಲೇ ಇರುತ್ತದೆ. ಸತ್ತು ಎರಡು ವರ್ಷವಾದರೂ ನಿನಗೆ ಬುದ್ಧಿ ಬಂದಿರಲಿಕ್ಕಿಲ್ಲ.

ನಾನು ಕತಾರಿನ ಅಲ್ ವುಕೈರ್‌ನಲ್ಲಿ ಮಗನ ಮನೆಯಲ್ಲಿ ಸುಖವಾಗಿದ್ದೇನೆ. ಇವತ್ತು ಟೀವಿಯಲ್ಲಿ ಗ್ರೀಸ್ ದೇಶದ ಒಂದು ಪಟ್ಟಣವನ್ನು ತೋರಿಸಿದರು. ಹಾಡಿಲ್ಲ, ಹೊಡೆದಾಟವಿಲ್ಲ, ಮೀನು ಮಾರುವವರು, ಬಸ್ಸಿಗೆ ಕಾಯುವವರು, ಅಷ್ಟೇ.

"ಉಮ್ಮಮ್ಮ, ಇದರಲ್ಲಿ ಸ್ಟೋರಿಯೇ ಇಲ್ಲ. ಬೋರು!" ಎಂದಳು ಮೊಮ್ಮಗಳು ಸಾಲಿಹಾ.

"ಖಲಾಸ್, ಬಾಯಿ ಮುಚ್ಚು. ಆ ಹೆಂಗಸು ಬೀನ್ಸ್ ಮುರಿದು ಮುಗಿಸಲಿ," ಎಂದೆ.

ಆಮೇಲೆ ಒಬ್ಬಳು ಮುದುಕಿ ಪಕ್ಕದ ಮನೆಯವಳ ತಟ್ಟೆಯನ್ನು ಮರಳಿಸಲು ಹೊರಟಳು. ಬಾಗಿಲ ತನಕ ಹೋದವಳು ತಿರುಗಿ ಬಂದು, ಅದರಲ್ಲಿ ನಾಲ್ಕು ಲಿಂಬೆಹಣ್ಣು ಇಟ್ಟುಕೊಂಡು ಹೋದಳು. ನಮ್ಮ ಹಾಗೆಯೇ ನೋಡು, ಅವರಲ್ಲಿಯೂ ಪಾತ್ರೆ ಬರಿದಾಗಿ ಹೋಗಬಾರದು.

ಊರಲ್ಲಿ ನಾವು ನೆರೆಮನೆಯವರಾಗಿದ್ದಾಗ, ನನ್ನ ಕೋಳಿ ನಿನ್ನ ಹರಿವೆ ಸಾಲು ಕೆದಕಿತೆಂದು ನಾವು ಜಗಳವಾಡಿದ ಮರುದಿನ ನಿನ್ನ ಪತ್ರೊಡೆಯ ಬಟ್ಟಲನ್ನು ತೊಳೆದು, ಖಾಲಿಯಾಗಿಯೇ ನಿನ್ನ ಜಗುಲಿಯಲ್ಲಿಟ್ಟು ಬಂದೆ. ನಿನ್ನ ಮನೆಯಿಂದ ಮತ್ತೆ ಬಟ್ಟಲು ಬರಲೇ ಇಲ್ಲ.

ಈ ಸಲದ ಖರ್ಜೂರ ಚೆನ್ನಾಗಿದೆ. ಒಂದು ಬಟ್ಟಲು ತುಂಬಿಸಿ, ಮುಚ್ಚಿ, ಅಡುಗೆಮನೆಯ ಕಿಟಕಿಯಲ್ಲಿಟ್ಟಿದ್ದೇನೆ. ಬರುವ ತಿಂಗಳು ಹುಟ್ಟುವ ಮೊದಲು ಉತ್ತರ ಬರೆ. ಬೈಗುಳವಾದರೂ ಆದೀತು.

ಝುಲೈಖಾ