ಹೀಗೇ ಆಡಬೇಕು ಅಂತಿಲ್ಲದ ಅಂಗಳ

ಮನೆ,
ಮಾರ್ಚ್ ೧೨, ಭಾನುವಾರ

ಪ್ರೀತಿಯ ಅಣ್ಣಾ,

ಹೇಗಿದ್ದೀಯ? ಸೊಂಟದ ನೋವು ಕಡಿಮೆಯಾಯಿತೇ? ಹಡಗಿನಲ್ಲಿ ಹೊತ್ತುಹೊತ್ತಿಗೆ ಊಟ ಮಾಡುತ್ತಿದ್ದೀಯ ತಾನೆ? ಇಷ್ಟನ್ನು ಕಾಳಜಿಯಿಂದಲೇ ಕೇಳಿದ್ದೇನೆ. ಇನ್ನು ಮುಂದಿನದೆಲ್ಲ ಕೋಪದ್ದು. ಪೂರ್ತಿ ಓದು, ಅರ್ಧಕ್ಕೆ ಮಡಚಿಡಬೇಡ.

ಶಾಲೆಯ ಹಿಂದೆ ನಾನು ಮಾಡಿದ ಆಟದ ಅಂಗಳ ನಿನಗೆ ಗೊತ್ತಲ್ಲ. ಹಲಗೆ, ಹಳೇ ಟೈರು, ಹಣ್ಣಿನ ಪೆಟ್ಟಿಗೆ, ಹಗ್ಗ, ಹರಿದ ಪರದೆ, ಒಂದು ರಾಶಿ ಮರಳು. ಯಾವುದು ಯಾತಕ್ಕೆ ಅಂತ ಮಕ್ಕಳೇ ಹೇಳಲಿ ಎಂದು ಬೇಕೆಂದೇ ಹಾಗೆ ಬಿಟ್ಟಿದ್ದೆ. ಮೊದಮೊದಲು "ಇದ್ರಲ್ಲಿ ಏನ್ ಮಾಡ್ಬೇಕು ಮಿಸ್?" ಅಂತ ನನ್ನ ಮುಖ ನೋಡುತ್ತಿದ್ದರು. ನಾನು ಕೈಕಟ್ಟಿ ಸುಮ್ಮನೆ ನಿಲ್ಲುತ್ತಿದ್ದೆ. ನನ್ನ ಕೆಲಸದಲ್ಲಿ ಅತಿ ಕಷ್ಟದ್ದು ಆ ಸುಮ್ಮನಿರುವುದೇ. ಆಮೇಲೊಂದು ದಿನ ನಿನ್ನ ಮಗಳು, ಕಾಲಿಗೆ ಕಬ್ಬಿಣದ ಪಟ್ಟಿ ಕಟ್ಟಿಕೊಂಡು ಯಾವಾಗಲೂ ಗೋಡೆಗೆ ಆತು ನಿಲ್ಲುತ್ತಿದ್ದ ನಮ್ಮ ಪುಟ್ಟಿ, ಎರಡು ಹಲಗೆ ಎಳೆದುಕೊಂಡು ಬಂದು ಟೈರಿಗೆ ಒರಗಿಸಿ ಇಳಿಜಾರು ಮಾಡಿದಳು. ಮೆಟ್ಟಿಲು ಕಂಡರೆ ಮುಖ ತಿರುಗಿಸುವವಳು ಅದರ ಮೇಲೆ ಹತ್ತಿ ನಿಂತು, "ಏಯ್, ಮರಳು ತನ್ರೋ! ನಮ್ಮಪ್ಪನ ಹಡಗು ಇಲ್ಲೇ ನಿಲ್ಲೋದು!" ಅಂತ ಕೂಗಿದಳು. ಇಡೀ ತರಗತಿ ಅವಳ ಮಾತು ಕೇಳಿ ಓಡಾಡಿತು, ಅಣ್ಣಾ.

ಅಲ್ಲೇ ಒಮ್ಮೆ ಬಿದ್ದು ಮೊಣಕೈ ತರಚಿಕೊಂಡಳು. ಅದನ್ನು ಫೋನಿನಲ್ಲಿ ನಿನಗೆ ಜಂಬದಿಂದ ಹೇಳಿದಳು. ಆ ವಾರವೇ ಲಾರಿ ಬಂದು ಎಲ್ಲವನ್ನೂ ಉಗ್ರಾಣಕ್ಕೆ ಸಾಗಿಸಿತು. ನಾನು ಹರಿಹಾಯ್ದರೆ ಹೆಡ್‌ಮಿಸ್ಸು ತಣ್ಣಗೆ, "ನಿಮ್ಮಣ್ಣನೇ ಫೋನ್ ಮಾಡಿದ್ರಲ್ಲ, ಮಗು ಕಸದ ರಾಶೀಲಿ ಆಡ್ತಿದೆ ಅಂತ," ಅಂದರು. ಕಸದ ರಾಶಿ! ಅದನ್ನು ಮಾಡಿದ ತಂಗಿಯನ್ನು ಒಂದು ಮಾತು ಕೇಳಬೇಕು ಅನಿಸಲಿಲ್ಲವೇ ನಿನಗೆ?

ಈಗ ಅಲ್ಲಿ ಬಣ್ಣಬಣ್ಣದ ಪ್ಲಾಸ್ಟಿಕ್ ಜಾರುಬಂಡೆ ಬಂದಿದೆ. ಹತ್ತುವುದಕ್ಕೊಂದು ಏಣಿ, ಇಳಿಯುವುದಕ್ಕೊಂದು ದಾರಿ, ಮಕ್ಕಳು ತಪ್ಪದಿರಲೆಂದು ಬಾಣದ ಗುರುತು ಬೇರೆ. ಪುಟ್ಟಿಗೆ ಏಣಿ ಹತ್ತಲಾಗದು. ಬೆಂಚಿನ ಮೇಲೆ ಕೂತು ಉಳಿದವರ ನೀರಿನ ಬಾಟಲಿ ಕಾಯುತ್ತಾಳೆ. ಇನ್ನು ಬೀಳುವುದಿಲ್ಲ. ನೆಮ್ಮದಿಯಾಯಿತೇ? ಕಾಲಿನ ಚಿಕಿತ್ಸೆಗೆ ಆಸ್ಪತ್ರೆಯಲ್ಲಿದ್ದಾಗ ಅವಳ ಮಂಚ ಬಿಟ್ಟು ನೀನು ಕದಲಿರಲಿಲ್ಲ, ನಿನ್ನ ಭಯ ನನಗೆ ಅರ್ಥವಾಗುತ್ತದೆ. ಆದರೆ ಆ ಭಯವನ್ನು ಅವಳ ಕಾಲಿಗೆ ಇನ್ನೊಂದು ಪಟ್ಟಿಯಾಗಿ ಬಿಗಿಯಬೇಡ. ಹಲಗೆಗಳು ವಾಪಸು ಬರದಿದ್ದರೆ ನಾನು ಕೆಲಸ ಬಿಡುತ್ತೇನೆ ಅಂತ ಹೆಡ್‌ಮಿಸ್ಸಿಗೆ ಹೇಳಿದ್ದೇನೆ. ದೂರು ಕೊಟ್ಟವರೇ ಹಿಂತೆಗೆದುಕೊಂಡರೆ ನೋಡೋಣ ಅಂದಿದ್ದಾರೆ. ಹಿಂತೆಗೆದುಕೋ.

ನಿನಗೇನಾದರೂ ತಿಳಿಸಬೇಕೇ ಎಂದು ಅತ್ತಿಗೆಯನ್ನು ಕೇಳಿದೆ. ಎದ್ದು ಹೋಗಿ ಕೋಣೆಯ ಬಾಗಿಲು ಹಾಕಿಕೊಂಡರು. ಅದನ್ನೇ ತಿಳಿಸಿದ್ದೇನೆ. ಆರೋಗ್ಯ ನೋಡಿಕೋ.

ಎಷ್ಟು ಬೈದರೂ ನಿನ್ನ
ತಂಗಿ

ತಾ.ಕ.: ಹೇಳಬೇಕಾದದ್ದನ್ನೇ ಬರೆಯಲಿಲ್ಲವೆಂದು ಅಂಟಿಸಿದ ಕವರು ಬಿಡಿಸಿದೆ. ಹೆಡ್‌ಮಿಸ್ಸು ಆ ಮಾತು ಹೇಳುವಾಗ ಪುಟ್ಟಿ ನನ್ನ ಕೈ ಹಿಡಿದು ಪಕ್ಕದಲ್ಲೇ ನಿಂತಿದ್ದಳು. ಮನೆಯ ಗೇಟಿನ ಹತ್ತಿರ ಬಂದು, "ಅತ್ತೆ, ನಾನು ಆಡೋದು ಅಪ್ಪಂಗೆ ಇಷ್ಟ ಇಲ್ವಾ?" ಅಂದಳು. ನಾನು ಉತ್ತರ ಕೊಡಲಿಲ್ಲ, ಕೊಡುವುದೂ ಇಲ್ಲ. ಶಾಲೆಗೆ ಆಮೇಲೆ ಬರೆ. ಮೊದಲು ಅವಳಿಗೆ ಫೋನ್ ಮಾಡು.