ಎಂಟನೆಯ ದಿನದ ನಿಯಮ

ಅಪ್ಪಾ,

ಇವತ್ತು ಬೆಳಿಗ್ಗೆ ಸಂಪಾದಕಿಯ ಕನ್ನಡಕದ ಕಡ್ಡಿಗೆ ದಾರ ಸುತ್ತಿದ್ದು ಕಂಡು ನನ್ನ ಅರ್ಧ ಹೆದರಿಕೆ ಇಳಿಯಿತು. ನನ್ನ ಕಾದಂಬರಿಯನ್ನು ಅವರು ಅಚ್ಚು ಹಾಕುತ್ತಾರಂತೆ. ತಕರಾರು ನಮ್ಮ ಕ್ಯಾಲೆಂಡರಿನದು ಮಾತ್ರ.

"ಏನಮ್ಮಾ, ನಿನ್ನ ಲೋಕದಲ್ಲಿ ವಾರಕ್ಕೆ ಎಂಟು ದಿನ. ಎಂಟನೇ ದಿನ ಯಾರೂ ತುಟಿಪಿಟಕ್ಕನ್ನಲ್ಲ. ಅವತ್ತು ಮನೆಗೆ ಬೆಂಕಿ ಬಿದ್ರೆ ಕೈಸನ್ನೆ ಮಾಡ್ತಾರಾ? ಆ ದಿನ ತೆಗೆದುಬಿಡು."

ನನಗೆ ನಗು ಬಂತು. ಶಾಲೆಯಲ್ಲಿ ಮಾತಾಡಲು ಹೆದರಿ ಅಳುತ್ತಿದ್ದ ನನಗಾಗಿ, ಗೋಡೆಯ ಕ್ಯಾಲೆಂಡರಿನಲ್ಲಿ ಪ್ರತಿ ಭಾನುವಾರದ ಪಕ್ಕ ನೀನು ಪೆನ್ಸಿಲ್ಲಿನಿಂದ ಇನ್ನೊಂದು ಚೌಕ ಬರೆದು, ಅವತ್ತು ಯಾರೂ ಮಾತಾಡಬೇಕಿಲ್ಲ ಎಂದದ್ದನ್ನು ಹೇಳಿದೆ.

"ಮೌನಗೌರಿ, ನಿಮ್ಮಪ್ಪನೂ ನಿನ್ನ ಹಾಗೇನಾ?"

"ಇಲ್ಲ ಮೇಡಂ, ಗೋಡೆಯನ್ನೂ ಮಾತಾಡಿಸ್ತಿದ್ರು. ಎಂಟನೇ ದಿನ ಅಂದ್ರೆ ಮಾತ್ರ ಸುಮ್ಮನಾಗ್ತಿದ್ರು."

ಆಸ್ಪತ್ರೆಯಿಂದ ನೀನು ಕೊನೆಯ ಸಲ ಫೋನ್ ಮಾಡಿದಾಗ, ಪರೀಕ್ಷೆಗೆ ಓದುತ್ತಿದ್ದ ನಾನು "ಅಪ್ಪಾ, ಇವತ್ತು ಎಂಟನೇ ದಿನ" ಎಂದದ್ದನ್ನು ಅವರಿಗೆ ಹೇಳಲಿಲ್ಲ. ನೀನು ನಕ್ಕು ಫೋನ್ ಇಟ್ಟೆ.

ಖುಷಿಯಲ್ಲಿ ಮನೆಗೆ ನಡೆದೇ ಬಂದೆ. ಆ ದಿನವನ್ನು ನಾನು ತೆಗೆಯುವುದಿಲ್ಲ. ಒಂದು ನಿಯಮವನ್ನಷ್ಟೇ ಸೇರಿಸುತ್ತೇನೆ: ಎಂಟನೆಯ ದಿನ ಮಾತಾಡಬೇಕಿಲ್ಲ, ಆದರೆ ಯಾರಾದರೂ ಮಾತಾಡಲು ಬಂದರೆ ಅವರು ಮುಗಿಸುವವರೆಗೂ ಕೇಳಬೇಕು.