ಟೀವಿಯೊಳಗಿನ ಸುರಕ್ಷಾ

ಸ್ಯಾನ್ ಹೊಸೆ
ನವೆಂಬರ್ 9, 2024

ಪ್ರೀತಿಯ ಮಗಳು ಸುರಕ್ಷಾ,

ಆಮ್‌ಸ್ಟರ್‌ಡ್ಯಾಮಿನ ಚಳಿಗೆ ಟೊಪ್ಪಿ ಹಾಕ್ತಿದ್ದೀಯಲ್ಲ? ಬರೆಯುವುದು ತಡವಾಯ್ತು, ಸಿಟ್ಟು ಮಾಡಬೇಡ. ವಾಟ್ಸಾಪಿನಲ್ಲಿ ಬರೆದರೆ ನೀನು ಒಂದು ಹಾರ್ಟು ಒತ್ತಿ ಬಿಡ್ತೀ, ಅದಕ್ಕೇ ಕಾಗದ. ಕನ್ನಡ ತಡವರಿಸಿದರೆ ಗಟ್ಟಿಯಾಗಿ ಓದು, ಅರ್ಥ ಆಗ್ತದೆ.

ನೀನು ಪಾರ್ಟು ಮಾಡಿದ ಡಚ್ ನಾಟಕ ಟೀವಿಯಲ್ಲಿ ಹಾಕಿ ನೋಡಿದೆವು ಮಾರಾಯ್ತಿ! ಇಪ್ಪತ್ತು ನಿಮಿಷದ್ದು ಅಂತ ನೀನು ಹೇಳಿದ್ದು, ನಮ್ಮಲ್ಲಿ ದಿನವಿಡೀ ಅದೇ. ಮರೆವಿನ ಮುದುಕನಿಗೆ ತನ್ನ ಮನೆಯೇ ಬೇರೆ ಯಾರದ್ದೋ ಅಂತ ಕಾಣುವುದು, ನರ್ಸಾದ ನೀನು ಬಿಳಿ ಕೋಟು ಹಾಕಿ ಎದುರು ಕೂತು ಕೇಳುವುದು. ಕೆಳಗೆ ಇಂಗ್ಲಿಷಿನಲ್ಲಿ ಬರ್ತದೆ, "ಈಗ ನಿಮಗೆ ಏನು ಕಾಣ್ತದೆ?" ಅಂತ.

ಆ ಮುದುಕ ಬಾಯಿ ತೆರೆಯುವ ಮೊದಲೇ ನಿನ್ನ ಪಪ್ಪ ತುಳುವಿನಲ್ಲಿ ಉತ್ತರ ಕೊಡ್ತಾರೆ! "ಕಿಟಕಿ ಕಾಣ್ತದೆ ಮಗಾ, ನಿಂಬೆಗಿಡ ಕಾಣ್ತದೆ. ಸುರಕ್ಷಾ, ನಿನ್ನ ಊಟ ಆಯ್ತಾ?" ಪಾಲೋ ಆಲ್ಟೋದ ಡಾಕ್ಟರು ಕೇಳಿದಾಗ ತನ್ನ ಹೆಸರು ದೇವದಾಸ್ ಅಂತ ಹೇಳ್ಲಿಕ್ಕೂ ತಡಕಾಡಿದ ಮನುಷ್ಯ! ಮೊನ್ನೆ ನೀನು ವಿಡಿಯೋ ಕಾಲ್ ಮಾಡಿದಾಗ "ಇವಳು ಯಾರು?" ಅಂದರಲ್ಲ, ಅದನ್ನು ಮನಸ್ಸಿಗೆ ಹಚ್ಚಿಕೊಳ್ಳಬೇಡ. ಫೋನಿನವಳು ಯಾರೋ, ಟೀವಿಯವಳೇ ಅವರ ಮಗಳು.

ಎದುರು ಮನೆಯ ಮೈಥಿಲಿ ಬೆಂಗಳೂರಿನವಳು, ಬುದ್ಧಿ ಹೇಳ್ಲಿಕ್ಕೆ ಬರ್ತಾಳೆ. "ಆಂಟಿ, ಅದನ್ನ ಆಫ್ ಮಾಡಿ, ಅಂಕಲ್‌ಗೆ ಇನ್ನೂ ಕನ್‌ಫ್ಯೂಸ್ ಆಗತ್ತೆ." ಅವಳಿಗೆ ಎಂತ ಗೊತ್ತು? ಹೆಸರು ಹಿಡಿದು ಕರೆಯುವ ಪಪ್ಪನ ಆ ಸ್ವರ ಕೇಳ್ಲಿಕ್ಕೆ ನಾನು ಎಷ್ಟು ಹಾತೊರೆದಿದ್ದೇನೆ ಅಂತ ನನಗೇ ಗೊತ್ತು. ಮುಗಿದ ಕೂಡಲೇ ನಾನೇ ಮತ್ತೆ ಹಾಕ್ತೇನೆ.

ದೇವರು ನಿನಗೆ ಇನ್ನೂ ದೊಡ್ಡ ಪಾರ್ಟು ಕೊಡಲಿ. ಹೊಟ್ಟೆ ತುಂಬ ಉಣ್ಣು, ಸುಖವಾಗಿರು.

ನಿನ್ನ ಅಮ್ಮ,
ರತ್ನಾವತಿ

ತಾ.ಕ.: ಆ ಬಿಳಿ ಕೋಟು ಇನ್ನೂ ನಿನ್ನ ಹತ್ತಿರ ಉಂಟಾ? ಇದ್ದರೆ ಅದನ್ನೇ ಹಾಕಿ ಒಂದು ಸಣ್ಣ ವಿಡಿಯೋ ಮಾಡಿ ಕಳಿಸು ಮಗಾ, ಟೀವಿಯಲ್ಲಿ ಹಾಕ್ತೇನೆ. ನಿನ್ನೆ ಪಪ್ಪ ಟೀವಿಯ ಹತ್ತಿರ ಬಗ್ಗಿ ನಿನಗೆ ಗುಟ್ಟು ಹೇಳಿದರು, ನಾನು ಪಕ್ಕದಲ್ಲೇ ಕೂತಿದ್ದೆ. "ಈ ಹೆಂಗಸು ಪಾಪ, ಒಳ್ಳೆಯವಳು, ಗಂಜಿ ಮಾಡಿ ಕೊಡ್ತಾಳೆ. ಆದರೆ ಅವಳನ್ನು ಅವಳ ಮನೆಗೆ ಕಳಿಸು ಮಗಾ. ರತ್ನಾ ಬಂದು ನೋಡಿದರೆ ಬೇಜಾರು ಮಾಡ್ತಾಳೆ." ನಾನು ಹೇಳಿದರೆ ನಂಬುವುದಿಲ್ಲ. ನೀನು ಹೇಳು, ರತ್ನಾ ಬಂದಾಯ್ತು ಅಂತ.